ಗೋಕಾವಿ ನಾಡಿನ ಕಾದಂಬರಿ, ಬೆಳ್ಳಿತೆರೆಯವರೆಗೆ

ಜನಪ್ರಿಯ ಕಾದಂಬರಿಕಾರನನ್ನೇ ನಾಯಕನನ್ನಾಗಿಸಿ ನಗಿಸುವುದು ಹಾಲಿವುಡ್‌ನ ಹಳೆಯ ರೂಢಿ. ಅರ್ಲ್ ಡೆರ್ ಬಿಗರ್ಸ್ ಅವರ ‘ಸೆವೆನ್ ಕೀಸ್ ಟು ಬಾಲ್ಡ್‌ಪೇಟ್’ ಕಾದಂಬರಿ 1913ರಲ್ಲಿ ಬಂತು. ಅದೇ ವರ್ಷ ಜಾರ್ಜ್ ಎಂ. ಕೋಹನ್ ಅದನ್ನು ನಾಟಕ ಮಾಡಿದರು. ಮುಂದೆ 1917, 1935, 1947 ಹೀಗೆ ಮತ್ತೆ ಮತ್ತೆ ಸಿನಿಮಾ ಆಯಿತು. ಇಪ್ಪತ್ತನಾಲ್ಕು ತಾಸಿನಲ್ಲಿ ಕಾದಂಬರಿ ಮುಗಿಸುವ ಪಣ ತೊಟ್ಟ ಲೇಖಕ, ಚಳಿಗಾಲಕ್ಕೆ ಬಾಗಿಲು ಹಾಕಿದ ಹೋಟೆಲ್ ಸೇರುತ್ತಾನೆ. ಇರುವುದು ತನ್ನದೊಂದೇ ಕೀಲಿಕೈ ಎಂದು ಅವನ ನಂಬಿಕೆ. ಆದರೆ ಒಬ್ಬರ ಹಿಂದೊಬ್ಬರು ಕೀಲಿ ತೆಗೆದು ಒಳಗೆ ಬರುತ್ತಲೇ ಇರುತ್ತಾರೆ.

ಗೋಕಾವಿ ನಾಡು ಎನಿಸಿದ ನಮ್ಮ ಗೋಕಾಕ ಸೀಮೆಯಲ್ಲಿ ಜನಪ್ರಿಯ ಲೇಖಕನ ಬದುಕು ಬೇರೆ. ಇಲ್ಲಿ ಆತ ಶಾಲೆಯ ಮಾಸ್ತರ, ಇಲ್ಲವೇ ಪತ್ರಿಕೆಯವನು.

ಕತೆಯ ರುಚಿ ಈ ನೆಲಕ್ಕೆ ಮೊದಲೇ ಹತ್ತಿತ್ತು. ಇಂದು ಮೂಡಲಗಿ ತಾಲೂಕಿಗೆ ಸೇರಿರುವ ಕುಲಗೋಡದ ತಮ್ಮಣ್ಣ ‘ಶ್ರೀಕೃಷ್ಣ ಪಾರಿಜಾತ’ ಬಯಲಾಟವನ್ನು ತಿದ್ದಿ ಬೆಳೆಸಿದರು, ಕೌಜಲಗಿ ನಿಂಗಮ್ಮ ಅದನ್ನು ಮನೆಮಾತಾಗಿಸಿದರು. ಒಂದು ಹೂವು ರುಕ್ಮಿಣಿಯ ಪಾಲಾಯಿತೆಂದು ಸತ್ಯಭಾಮೆ ಮುನಿಯುತ್ತಾಳೆ. ಆ ಮನೆಜಗಳವನ್ನು ಜನ ಬೆಳತನಕ ಕೂತು ನೋಡಿದರು.

ಕಾದಂಬರಿ ಆಮೇಲೆ ಬಂತು. ಗೋಕಾಕ ತಾಲೂಕಿನ ಬೆಟಗೇರಿಯಲ್ಲಿ 1900ರಲ್ಲಿ ಹುಟ್ಟಿದ ಬೆಟಗೇರಿ ಕೃಷ್ಣಶರ್ಮರು ‘ಆನಂದಕಂದ’ ಎಂಬ ಕಾವ್ಯನಾಮದಲ್ಲಿ ಬರೆದರು. ಜಿ.ಬಿ. ಜೋಶಿ 1933ರಲ್ಲಿ ಧಾರವಾಡದಲ್ಲಿ ಕಟ್ಟಿದ ಮನೋಹರ ಗ್ರಂಥಮಾಲೆ ಇವರ ‘ಸುದರ್ಶನ’ ಕಾದಂಬರಿಯಿಂದಲೇ ಶುರುವಾಯಿತು. ಚಂದಾದಾರರ ಬಲದ ಮೇಲೆ ನಡೆದ ಆ ಮಾಲೆ ಅಂಗಡಿಗಾಗಿ ಕಾಯದೆ ಪುಸ್ತಕವನ್ನು ಓದುಗರ ಮನೆಗೇ ಮುಟ್ಟಿಸಿತು. ಉತ್ತರ ಕರ್ನಾಟಕದಲ್ಲಿ ಕಾದಂಬರಿ ಓದುವ ಚಟ ಬೆಳೆದದ್ದಕ್ಕೆ ಇದಕ್ಕಿಂತ ದೊಡ್ಡ ಕಾರಣ ಹುಡುಕುವುದು ಕಷ್ಟ.

ಗೋಕಾಕ ತಾಲೂಕಿನದೇ ಮಲಾಮರಡಿಯಲ್ಲಿ 1919ರಲ್ಲಿ ಹುಟ್ಟಿದ ಬಸವರಾಜ ಕಟ್ಟೀಮನಿ ಪತ್ರಕರ್ತರಾಗಿ ದುಡಿದವರು. ಪತ್ರಿಕಾ ಪ್ರಪಂಚವನ್ನೇ ವಸ್ತುವಾಗಿಸಿಕೊಂಡ ಅವರ ‘ಜ್ವಾಲಾಮುಖಿಯ ಮೇಲೆ’ ಕಾದಂಬರಿಗೆ ಸೋವಿಯತ್ ಲ್ಯಾಂಡ್ ನೆಹರೂ ಪ್ರಶಸ್ತಿ ಸಂದಿತು. ಬರೆದು ಬದುಕುವವನ ಪಾಡು ಇಲ್ಲಿ ಪ್ರಹಸನವಲ್ಲ, ಹೋರಾಟ.

ಸಿನಿಮಾದ ದಾರಿ ತೆರೆದವರು ಕೃಷ್ಣಮೂರ್ತಿ ಪುರಾಣಿಕರು. ಹುಟ್ಟಿದ್ದು 1911ರಲ್ಲಿ, ಬೀಳಗಿಯಲ್ಲಿ, ಮಾಸ್ತರಿಕೆ ಗೋಕಾಕದಲ್ಲಿ. ಅತ್ತೆ, ಸೊಸೆ, ತವರು, ತ್ಯಾಗ ಇವೇ ಅವರ ಕಾದಂಬರಿಗಳ ಜೀವಾಳ. ವಿಮರ್ಶಕರು ಇವನ್ನು ಕಣ್ಣೀರ ಕತೆಗಳೆಂದು ಬದಿಗಿಟ್ಟದ್ದು ನ್ಯಾಯವಲ್ಲ. ಸತ್ಯಭಾಮೆಯ ಮುನಿಸಿಗೆ ಮನಸೋತ ಸೀಮೆಗೆ ಒಪ್ಪುವ ಬರವಣಿಗೆಯದು. ಅವರ ‘ಕುಲವಧು’ 1963ರಲ್ಲಿ ಟಿ.ವಿ. ಸಿಂಗ್ ಠಾಕೂರ್ ನಿರ್ದೇಶನದಲ್ಲಿ ತೆರೆಗೆ ಬಂತು. ರಾಜ್‌ಕುಮಾರ್, ಲೀಲಾವತಿ ನಟಿಸಿದರು. ಬೇಂದ್ರೆಯವರ ಯುಗಾದಿಯ ಕವಿತೆ ಎಸ್. ಜಾನಕಿಯವರ ಕಂಠದಲ್ಲಿ ಮನೆಮನೆಗೆ ಹೋದದ್ದು ಈ ಚಿತ್ರದಿಂದ. ಪುರಾಣಿಕರ ಕೃತಿಯನ್ನೇ ಆಧರಿಸಿ 1977ರಲ್ಲಿ ‘ಸನಾದಿ ಅಪ್ಪಣ್ಣ’ ಬಂತು. ಬೀಳಗಿಯ ಸನಾದಿ ವಾದಕನ ಬದುಕಿನ ಎಳೆ ಹಿಡಿದ ಆ ಕತೆಗೆ ರಾಜ್‌ಕುಮಾರ್ ಜೀವ ತುಂಬಿದರು, ಶಹನಾಯಿ ನುಡಿಸಿದವರು ಉಸ್ತಾದ್ ಬಿಸ್ಮಿಲ್ಲಾ ಖಾನ್.