ನಳಿಗೆ ತೆಗೆಯುವ ದಿನ

ಖಾನಾಪುರ ತಾಲ್ಲೂಕಿನ ಹಳ್ಳಿಗಳಿಂದ ಬೆಳಗಾವಿಯ ಬಿಮ್ಸ್ ಜಿಲ್ಲಾ ಆಸ್ಪತ್ರೆಗೋ ಕೆಎಲ್‌ಇ ಸಂಸ್ಥೆಯ ಆಸ್ಪತ್ರೆಗೋ ಹೋದವರಲ್ಲಿ ಕೆಲವರು ಮೂತ್ರದ ಪೈಪ್, ಅಂದರೆ ನಳಿಗೆ, ಹಾಕಿಸಿಕೊಂಡೇ ಊರಿಗೆ ಮರಳುತ್ತಾರೆ. ಪ್ರೊಸ್ಟೇಟ್ ಗ್ರಂಥಿ ದಪ್ಪವಾಗಿ ಮೂತ್ರ ಕಟ್ಟಿದ ಹಿರಿಯರು, ಬೆನ್ನುಹುರಿಗೆ ಪೆಟ್ಟು ಬಿದ್ದವರು, ಲಕ್ವ ಹೊಡೆದು ಹಾಸಿಗೆ ಹಿಡಿದವರು ಇವರಲ್ಲಿ ಹೆಚ್ಚು. ನಳಿಗೆಯನ್ನು ಸ್ವಚ್ಛವಾಗಿ ನೋಡಿಕೊಳ್ಳುವುದು ಹೇಗೆ ಎಂದು ಮನೆಯವರು ಕೇಳಿ ತಿಳಿದುಕೊಳ್ಳುತ್ತಾರೆ. ಅದು ಬೇಕಾದ ಪ್ರಶ್ನೆಯೇ. ಆದರೆ ಅದಕ್ಕೂ ಮೊದಲು ಕೇಳಬೇಕಾದದ್ದು ಇನ್ನೊಂದಿದೆ: ಇದನ್ನು ತೆಗೆಯುವ ದಿನ ಯಾವುದು? ಎಷ್ಟೇ ಚೆನ್ನಾಗಿ ನೋಡಿಕೊಂಡರೂ ನಳಿಗೆ ಬಹಳ ದಿನ ಉಳಿದರೆ ಸೂಕ್ಷ್ಮಜೀವಿಗಳು ತಡವಾಗಿ ಸೇರುತ್ತವೆಯೇ ಹೊರತು ಸೇರದೇ ಇರುವುದಿಲ್ಲ. ಬೇಡವಾದ ದಿನವೇ ತೆಗೆಸುವುದಕ್ಕೆ ಸಮನಾದ ರಕ್ಷಣೆ ಮತ್ತೊಂದಿಲ್ಲ.

ಇವತ್ತು ಎಲ್ಲೆಡೆ ಬಳಕೆಯಲ್ಲಿರುವುದು ಅಮೆರಿಕದ ವೈದ್ಯ ಫ್ರೆಡೆರಿಕ್ ಫೋಲಿ 1930ರ ದಶಕದಲ್ಲಿ ರೂಪಿಸಿದ ಮಾದರಿ. ಮೂತ್ರಕೋಶದೊಳಗೆ ಹೋದ ತುದಿಯಲ್ಲಿ ಪುಟ್ಟ ಬಲೂನು; ಅದಕ್ಕೆ ಸಾಮಾನ್ಯವಾಗಿ 10 ಮಿ.ಲೀ. ಶುದ್ಧೀಕರಿಸಿದ ನೀರು ತುಂಬಿದರೆ ನಳಿಗೆ ಜಾರಿ ಹೊರಬರುವುದಿಲ್ಲ. ಆರೋಗ್ಯವಂತರಲ್ಲಿ ಮೂತ್ರ ರಭಸವಾಗಿ ಹರಿದು ದ್ವಾರದ ಬಳಿಯ ಸೂಕ್ಷ್ಮಜೀವಿಗಳನ್ನು ತೊಳೆದೊಯ್ಯುತ್ತದೆ. ನಳಿಗೆ ಬಂದಮೇಲೆ ಈ ತೊಳೆತ ನಿಂತುಹೋಗುತ್ತದೆ. ಬದಲಿಗೆ ಸೂಕ್ಷ್ಮಜೀವಿಗಳಿಗೆ ಎರಡು ದಾರಿ ತೆರೆಯುತ್ತವೆ: ಒಂದು ನಳಿಗೆಯ ಹೊರಮೈ ಗುಂಟ, ಇನ್ನೊಂದು ಮೂತ್ರ ಸಂಗ್ರಹವಾಗುವ ಚೀಲದಿಂದ ನಳಿಗೆಯ ಒಳಗಿಂದ. ಅವು ನಳಿಗೆಯ ಮೈಗೆ ಲೋಳೆಯ ಪದರ ಕಟ್ಟಿಕೊಂಡು ನೆಲೆಸಿದವೆಂದರೆ ಔಷಧವೂ ಅವನ್ನು ಪೂರ್ತಿ ತಲುಪಲಾರದು. ಮೂತ್ರದಲ್ಲಿ ಸೂಕ್ಷ್ಮಜೀವಿ ಕಾಣಿಸಿಕೊಳ್ಳುವ ಸಂಭವ ದಿನಕ್ಕೆ ಸುಮಾರು ಶೇ. 3ರಿಂದ 7ರಷ್ಟು ಎಂದು ಅಧ್ಯಯನಗಳು ಲೆಕ್ಕ ಹಾಕಿವೆ. ತಿಂಗಳು ಕಳೆಯುವ ಹೊತ್ತಿಗೆ ಹೆಚ್ಚುಕಡಿಮೆ ಎಲ್ಲರಲ್ಲೂ ಇರುತ್ತದೆ. ಹಿಂದೆ ತೆರೆದ ಬಾಟಲಿಗೆ ಮೂತ್ರ ಹರಿಸುತ್ತಿದ್ದ ಕಾಲದಲ್ಲಿ ನಾಲ್ಕೇ ದಿನಕ್ಕೆ ಹೀಗಾಗುತ್ತಿತ್ತು. ನಳಿಗೆ ಮತ್ತು ಚೀಲದ ಜೋಡಣೆಯನ್ನು ಬಿಚ್ಚದೆ ಮುಚ್ಚಿಯೇ ಇಟ್ಟರೆ ಸೋಂಕು ಬಹಳ ಮುಂದಕ್ಕೆ ಹೋಗುತ್ತದೆಂದು ಸಂಶೋಧಕರಾದ ಕ್ಯೂನಿನ್ ಮತ್ತು ಮೆಕಾರ್ಮ್ಯಾಕ್ 1966ರಲ್ಲಿ ತೋರಿಸಿದರು. ಅಷ್ಟು ದೊಡ್ಡ ಲಾಭ ಆಮೇಲಿನ ದುಬಾರಿ ಉಪಾಯಗಳಿಂದ ಸಿಗಲಿಲ್ಲ. ಬೆಳ್ಳಿ ಲೇಪಿಸಿದ ನಳಿಗೆಯನ್ನು ಬ್ರಿಟನ್ನಿನ 24 ಆಸ್ಪತ್ರೆಗಳಲ್ಲಿ ಏಳು ಸಾವಿರಕ್ಕೂ ಹೆಚ್ಚು ರೋಗಿಗಳನ್ನೊಳಗೊಂಡ ಪ್ರಯೋಗದಲ್ಲಿ ಪರೀಕ್ಷಿಸಿದರು. 2012ರಲ್ಲಿ ಪ್ರಕಟವಾದ ಫಲಿತಾಂಶದ ಪ್ರಕಾರ ಹೇಳಿಕೊಳ್ಳುವಂಥ ಪ್ರಯೋಜನ ಕಾಣಲಿಲ್ಲ.

ಅಂದರೆ ಎಷ್ಟು ದಿನ ಒಳಗಿದೆ ಎನ್ನುವುದೇ ಮುಖ್ಯ. ಆದರೆ ದಿನ ಎಣಿಸುವವರು ಯಾರು? ಅಮೆರಿಕದ ನಾಲ್ಕು ಆಸ್ಪತ್ರೆಗಳಲ್ಲಿ ನಡೆದ, 2000ದಲ್ಲಿ ಪ್ರಕಟವಾದ ಅಧ್ಯಯನವೊಂದು, ತಮ್ಮ ರೋಗಿಗೆ ನಳಿಗೆ ಇದೆಯೆಂಬುದೇ ಶೇ. 28ರಷ್ಟು ಸಂದರ್ಭಗಳಲ್ಲಿ ವೈದ್ಯರಿಗೆ ಗೊತ್ತಿರಲಿಲ್ಲ ಎಂದಿತು. ಹಿರಿಯ ವೈದ್ಯರಲ್ಲಿ ಈ ಪ್ರಮಾಣ ಇನ್ನೂ ಹೆಚ್ಚು. ದಿನವೂ ಕಣ್ಣೆದುರಿಗೆ ಇರುವ ವಾರ್ಡಿನಲ್ಲೇ ಹೀಗಾದರೆ, ಬೆಳಗಾವಿಯಲ್ಲಿ ನಳಿಗೆ ಹಾಕಿಸಿಕೊಂಡು ಜಾಂಬೋಟಿಗೋ ಕಣಕುಂಬಿಗೋ ಹೋದವರನ್ನು ನೆನಪಿಡುವವರು ಯಾರು ಎಂಬುದು ಗಂಭೀರ ಪ್ರಶ್ನೆ. ಹಾಕಿದ ಆಸ್ಪತ್ರೆಗೆ ರೋಗಿ ಮತ್ತೆ ಬಂದಾಗಲೇ ನೆನಪು. ಊರಿನ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಸುದ್ದಿಯೇ ಇಲ್ಲ. ಮನೆಯವರಿಗೆ ಅದು ತಾವಾಗಿ ಮುಟ್ಟಬಾರದ ವಸ್ತು. ‘ಇವತ್ತೂ ಇದು ಬೇಕೇ?’ ಎಂದು ಪ್ರತಿದಿನ ಕೇಳುವ ಪದ್ಧತಿಯೂ ಸೇರಿದ್ದ ಕಾರ್ಯಕ್ರಮವನ್ನು ಅಮೆರಿಕದ 603 ಆಸ್ಪತ್ರೆಗಳು ಅಳವಡಿಸಿಕೊಂಡಾಗ, ಸಾಮಾನ್ಯ ವಾರ್ಡುಗಳಲ್ಲಿ ಈ ಸೋಂಕು ಶೇ. 32ರಷ್ಟು ಇಳಿಯಿತೆಂದು 2016ರ ವರದಿ ಹೇಳುತ್ತದೆ.

ನಳಿಗೆಯನ್ನು ಬೇಗ ತೆಗೆಸಬೇಕು ಎಂಬುದಕ್ಕೆ ಮೊದಲ ಆಕ್ಷೇಪ ಮನೆಯೊಳಗಿನದು. ಹಾಸಿಗೆ ಹಿಡಿದವರನ್ನು ಎತ್ತಿ ಕೂರಿಸುವುದು, ಒದ್ದೆ ಬಟ್ಟೆ ಬದಲಿಸುವುದು ಎಲ್ಲವೂ ಬಹುಪಾಲು ಮನೆಯ ಹೆಂಗಸರ ಮೇಲೇ ಬೀಳುತ್ತದೆ. ನಳಿಗೆ ಇದ್ದರೆ ಅವರಿಗೆ ಒಂದಿಷ್ಟು ಬಿಡುವು. ಈ ಕಷ್ಟವನ್ನು ಹಗುರವಾಗಿ ಕಾಣುವ ಹಕ್ಕು ಯಾವ ವೈದ್ಯರಿಗೂ ಇಲ್ಲ. ಸೊಂಟದ ಹುಣ್ಣಿಗೆ ಮೂತ್ರ ತಾಗಿ ಅದು ಮಾಯದಿದ್ದಾಗ, ಕೊನೆಯ ದಿನಗಳಲ್ಲಿ ನೆಮ್ಮದಿ ಬೇಕಾದಾಗ ನಳಿಗೆ ಇಡುವುದನ್ನು ವೈದ್ಯಕೀಯ ಮಾರ್ಗಸೂಚಿಗಳೂ ಒಪ್ಪುತ್ತವೆ. ಆದರೆ ಬರೀ ಬಟ್ಟೆ ಒದ್ದೆಯಾಗುತ್ತದೆಂಬ ಕಾರಣಕ್ಕೆ ಇಟ್ಟರೆ, ಉಳಿದ ಶ್ರಮಕ್ಕಿಂತ ದೊಡ್ಡ ಶ್ರಮ ಚಳಿಜ್ವರದ ರೂಪದಲ್ಲಿ ಬರುತ್ತದೆ. ಗಂಡಸರಿಗೆ ಹೊರಗಿನಿಂದ ಹಾಕುವ ಕಾಂಡೋಮ್ ಕ್ಯಾಥೆಟರ್ ಇದೆ. ಹೊತ್ತು ಹೊತ್ತಿಗೆ ಮೂತ್ರದ ಪಾತ್ರೆ ಹಿಡಿಯುವುದು, ಡಯಾಪರ್ ಬಳಸುವುದು ಇವೆ. ಬೆನ್ನುಹುರಿಯ ಪೆಟ್ಟಿನಿಂದ ಮೂತ್ರಕೋಶ ತಾನಾಗಿ ಖಾಲಿಯಾಗದವರು ದಿನಕ್ಕೆ ಕೆಲವು ಸಲ ತಾವೇ ತೆಳು ನಳಿಗೆ ಹಾಕಿ ತೆಗೆಯುವ ವಿಧಾನವೂ ಇದೆ. ಕೈ ಮತ್ತು ನಳಿಗೆ ಶುಭ್ರವಾಗಿದ್ದರೆ ಸಾಕು, ಆಪರೇಷನ್ ಕೋಣೆಯ ಶುದ್ಧತೆ ಬೇಡ ಎಂದು ವೈದ್ಯ ಜ್ಯಾಕ್ ಲ್ಯಾಪಿಡಿಸ್ 1972ರಲ್ಲಿ ತೋರಿಸಿದ ಮೇಲೆ ಇದು ಜಗತ್ತಿನಾದ್ಯಂತ ಹಬ್ಬಿತು.

ಎರಡನೆಯ ಆಕ್ಷೇಪ ದೂರದ್ದು, ಖಾನಾಪುರದಲ್ಲಿ ಅದಕ್ಕೆ ಹೆಚ್ಚು ತೂಕ. ತೆಗೆದ ರಾತ್ರಿಯೇ ಮತ್ತೆ ಮೂತ್ರ ಕಟ್ಟಿದರೆ? ಭೀಮಗಡದ ಕಾಡಿನೊಳಗಿನ ಊರುಗಳಿಂದ ಮಳೆಗಾಲದಲ್ಲಿ ಆಸ್ಪತ್ರೆ ಮುಟ್ಟುವುದು ಸುಲಭದ ಮಾತಲ್ಲ. ಈ ಭಯ ನಿಜವಾದದ್ದು, ಉತ್ತರವೂ ಇದೆ. ನಳಿಗೆಯನ್ನು ಬೆಳಿಗ್ಗೆ ತೆಗೆಸಬೇಕು. ಬಲೂನಿನ ನೀರು ಪೂರ್ತಿ ಎಳೆದು ತೆಗೆಯುವುದು ತರಬೇತಿ ಪಡೆದ ನರ್ಸ್ ಮಾಡಬಹುದಾದ ಕೆಲಸ. ಆರೆಂಟು ತಾಸು ಆಸ್ಪತ್ರೆಯ ಹತ್ತಿರವೇ ಉಳಿದು, ಮೂತ್ರ ಸರಾಗವಾಗಿ ಹೋಗುವುದನ್ನು ನೋಡಿಕೊಂಡು ಸಂಜೆಯ ಬಸ್ಸಿಗೆ ಊರು ಸೇರಬಹುದು. ಪ್ರೊಸ್ಟೇಟ್ ತೊಂದರೆ ಇದ್ದವರಿಗೆ ಗ್ರಂಥಿಯ ಬಿಗಿತ ಸಡಿಲಿಸುವ ಮಾತ್ರೆ ಕೆಲವು ದಿನ ಕೊಟ್ಟು ತೆಗೆದರೆ ಮೂತ್ರ ತಾನಾಗಿ ಹೋಗುವ ಸಂಭವ ಹೆಚ್ಚುತ್ತದೆ. ನಳಿಗೆ ತಿಂಗಳುಗಟ್ಟಲೆ ಬೇಕೇಬೇಕು ಎಂದಾದರೆ ಕೇಳಬೇಕಾದದ್ದು ಅದು ಯಾವುದರಿಂದ ಮಾಡಿದ್ದು ಎಂದು. ಲೇಟೆಕ್ಸ್ ನಳಿಗೆಯನ್ನು ಸುಮಾರು ನಾಲ್ಕು ವಾರಕ್ಕೆ ಬದಲಿಸಬೇಕಾಗುತ್ತದೆ, ಪೂರ್ತಿ ಸಿಲಿಕೋನಿನದು ಹನ್ನೆರಡು ವಾರದವರೆಗೆ ಬಾಳಬಹುದು. ಬೆಲೆ ಹೆಚ್ಚು ನಿಜ. ಹಳ್ಳ ದಾಟಿ ಬರಬೇಕಾದವರಿಗೆ ಮಳೆಗಾಲಕ್ಕೆ ಮುಂಚೆ ಸಿಲಿಕೋನಿನದು ಹಾಕಿಸಿಕೊಳ್ಳುವುದು ಕೊನೆಗೆ ಅಗ್ಗವೇ ಆದೀತು.

ಇರುವಷ್ಟು ದಿನದ ಆರೈಕೆ ಸರಳ. ಜೋಡಣೆ ಬಿಚ್ಚಬಾರದು. ಚೀಲ ಸದಾ ಮೂತ್ರಕೋಶಕ್ಕಿಂತ ಕೆಳಗಿರಬೇಕು, ಆದರೆ ನೆಲಕ್ಕೆ ತಾಗಬಾರದು. ಮಲಗಿದಾಗ ಇದನ್ನು ನೆನಪಿಡುವವರು ಪ್ರಯಾಣದಲ್ಲಿ ಮರೆಯುತ್ತಾರೆ: ಬಸ್ಸಿನಲ್ಲಿ ಚೀಲವನ್ನು ತೊಡೆಯ ಮೇಲಿಟ್ಟುಕೊಂಡರೆ, ಬೈಕಿನಲ್ಲಿ ಹೆಗಲಿಗೆ ಹಾಕಿಕೊಂಡರೆ ಹಳೆಯ ಮೂತ್ರ ಹಿಂದಕ್ಕೆ ಹರಿಯುತ್ತದೆ. ಹೊರಡುವ ಮುಂಚೆ ಚೀಲ ಖಾಲಿ ಮಾಡಿ ಕಾಲಿಗೆ ಕಟ್ಟಿಕೊಳ್ಳುವುದು ಒಳ್ಳೆಯದು. ಖಾಲಿ ಮಾಡುವ ಮುಂಚೆಯೂ ಆಮೇಲೂ ಕೈ ತೊಳೆಯಬೇಕು. ಮೂತ್ರದ್ವಾರದ ಸುತ್ತ ದಿನಕ್ಕೊಮ್ಮೆ ಸೋಪು ನೀರು ಸಾಕು. ಡೆಟಾಲ್ ಹಚ್ಚಿದರೆ ಲಾಭವಿಲ್ಲ, ಚರ್ಮ ಕೆರಳುತ್ತದೆ. ಗಂಡಸರಿಗೆ ಮುಂದೊಗಲು ಹಿಂದೆ ಸರಿಸಿ ತೊಳೆದ ಮೇಲೆ ಮತ್ತೆ ಮುಂದಕ್ಕೆ ತರುವುದನ್ನು ಮರೆಯಬಾರದು, ಇಲ್ಲದಿದ್ದರೆ ಅದು ಬಾತು ಸಿಕ್ಕಿಕೊಳ್ಳುತ್ತದೆ.

‘ದೂರದಲ್ಲಿರುತ್ತೀರಿ, ಮಾತ್ರೆ ತಗೊಳ್ತಾ ಇರಿ’ ಎಂಬ ಸಲಹೆ ದಯೆಯಿಂದ ಬಂದರೂ ತಪ್ಪು. ಮೂತ್ರ ಮಬ್ಬಾಗಿದೆ, ಪರೀಕ್ಷೆಯಲ್ಲಿ ಸೂಕ್ಷ್ಮಜೀವಿ ಸಿಕ್ಕಿದೆ ಎಂದಷ್ಟಕ್ಕೇ ಆ್ಯಂಟಿಬಯಾಟಿಕ್ ಬೇಡ. ಗರ್ಭಿಣಿಯರು ಮತ್ತು ಮೂತ್ರನಾಳದ ಶಸ್ತ್ರಚಿಕಿತ್ಸೆಗೆ ಹೋಗುವವರು ಇದಕ್ಕೆ ಹೊರತು. ಸುಮ್ಮನೆ ನುಂಗಿದ ಔಷಧಕ್ಕೆ ಬಗ್ಗದ ಜೀವಿಗಳೇ ಒಳಗೆ ಉಳಿಯುತ್ತವೆ, ನಿಜವಾದ ಜ್ವರ ಬಂದಾಗ ಕೊಡಲು ಔಷಧ ಉಳಿಯುವುದಿಲ್ಲ. ನಡುಗಿಸುವ ಚಳಿಜ್ವರ, ಪಕ್ಕೆ ನೋವು, ಇದ್ದಕ್ಕಿದ್ದಂತೆ ಗೊಂದಲ, ಚೀಲಕ್ಕೆ ಮೂತ್ರ ಬರದೆ ಕಿಬ್ಬೊಟ್ಟೆ ಉಬ್ಬುವುದು ಕಂಡರೆ ತಡಮಾಡದೆ ಆಸ್ಪತ್ರೆಗೆ ಹೋಗಬೇಕು. ಎದೆಯ ಮಟ್ಟದಲ್ಲೋ ಅದಕ್ಕಿಂತ ಮೇಲೋ ಬೆನ್ನುಹುರಿ ಪೆಟ್ಟಾದವರಲ್ಲಿ ನಳಿಗೆ ಕಟ್ಟಿಕೊಂಡರೆ ರಕ್ತದೊತ್ತಡ ಏಕಾಏಕಿ ಏರುತ್ತದೆ. ತಲೆ ಸಿಡಿಯುವ ನೋವು, ಬೆವರು ಕಂಡ ಕೂಡಲೇ ನಳಿಗೆ ಮಡಚಿದೆಯೇ ನೋಡಿ 108ಕ್ಕೆ ಕರೆ ಮಾಡಬೇಕು. ಬಲೂನು ತುಂಬಿರುವಾಗ ನಳಿಗೆಯನ್ನು ಎಳೆಯುವುದಾಗಲಿ ಕತ್ತರಿಸುವುದಾಗಲಿ ಸಲ್ಲದು.

ಆದ್ದರಿಂದ ಡಿಸ್ಚಾರ್ಜ್ ಚೀಟಿ ಕೈಗೆ ಬಂದಾಗ ಅದರಲ್ಲಿ ನಳಿಗೆಯ ಬಗ್ಗೆ ಪ್ರತ್ಯೇಕ ಸಾಲು ಇರಲೇಬೇಕೆಂದು ಮನೆಯವರು ಪಟ್ಟು ಹಿಡಿಯಬೇಕು: ಯಾಕೆ ಹಾಕಿದ್ದು, ಯಾವ ದಿನ, ಯಾವ ಅಳತೆಯದು, ಬಲೂನಿನಲ್ಲಿ ಎಷ್ಟು ನೀರು, ತೆಗೆಯುವುದೋ ಬದಲಿಸುವುದೋ ಯಾವ ದಿನ, ಎಲ್ಲಿ. ಇದನ್ನು ಮನೆಯವರು ಓದಬಲ್ಲ ಕನ್ನಡದಲ್ಲೋ ಮರಾಠಿಯಲ್ಲೋ ಬರೆಸಿಕೊಂಡು, ಅದರ ಒಂದು ಪ್ರತಿಯನ್ನು ಊರಿನ ಆಶಾ ಕಾರ್ಯಕರ್ತೆಗೆ ಕೊಟ್ಟರೆ ದಿನ ಎಣಿಸುವ ಇನ್ನೊಬ್ಬರು ಸಿಕ್ಕಂತೆ.