ಮೊಯ್ದಿನ್: ಹಳೆಯ ಹೆಸರು, ಮರೆತ ಅರ್ಥ

ಮರ್ಫಿ ಟೌನಿನ ಬೀದಿಗಳಲ್ಲಿ ಒಂದೇ ಹೆಸರು ಮೂರು ಥರ ಕೇಳಿಸುತ್ತದೆ. ಉರ್ದು ಮನೆಗಳಲ್ಲಿ ಮೊಹಿಯುದ್ದೀನ್, ತಮಿಳು ಮನೆಗಳಲ್ಲಿ ಮೊಹಿದೀನ್, ಊರಿಂದ ಬಂದು ನೆಲೆಸಿದ ನಮ್ಮ ಬ್ಯಾರಿಗಳಲ್ಲಿ ಮೊಯ್ದಿನ್. ಅಜ್ಜಂದಿರ ಕಾಲದಲ್ಲಿ ಕುಟುಂಬಕ್ಕೊಬ್ಬ ಮೊಯ್ದಿನ್ ಇದ್ದೇ ಇರುತ್ತಿದ್ದರು. ಈಗ ಮಗುವಿಗೆ ಅದೇ ಹೆಸರು ಸೂಚಿಸಿದರೆ, 'ಅದು ಹಳೇ ಹೆಸರು ಉಸ್ತಾದ್, ಬೇರೆ ಹೇಳಿ' ಅನ್ನುತ್ತಾರೆ. ಅರ್ಥ ಗೊತ್ತಿದ್ದರೆ ಹೀಗೆ ಹೇಳುತ್ತಿದ್ದರಾ?

ಅರಬಿಯಲ್ಲಿ ಇದು ಎರಡು ಪದ: 'ಮುಹ್ಯಿ' ಮತ್ತು 'ಅಲ್-ದೀನ್'. ಹಯಾತ್ ಎಂದರೆ ಜೀವನ. ಅದೇ ಧಾತುವಿನಿಂದ ಬಂದ ಮುಹ್ಯಿ ಎಂದರೆ ಜೀವ ಕೊಡುವವನು. 'ಅಲ್'ನ ಲಾಮ್ ಮುಂದಿನ ದಾಲ್‌ನಲ್ಲಿ ಸೇರಿಹೋಗಿ 'ದ್ದೀನ್' ಆಗುತ್ತದೆ. ಮದ್ರಸದಲ್ಲಿ ಶಂಸಿ ಅಕ್ಷರಗಳ ಪಾಠ ಓದಿದ ಮಕ್ಕಳಿಗೆ ಇದು ಗೊತ್ತು. ಒಟ್ಟು ಅರ್ಥ, ದೀನಿಗೆ ಮತ್ತೆ ಜೀವ ತುಂಬುವವನು. ಗಂಟಲಿನ 'ಹ' ಬ್ಯಾರಿ ನಾಲಿಗೆಯಲ್ಲಿ ಕರಗಿ ಮೊಯ್ದಿನ್ ಆಯಿತು. ಕರೆಯುವಾಗ ಇನ್ನೂ ಮೊಟಕಾಗಿ ಇದ್ದಿನಬ್ಬ, ಇದ್ದಿನ್‌ಕುಂಞಿ. ದೀನ್ ಉಳಿಯಿತು, ಜೀವ ತುಂಬುವ ಭಾಗವೇ ಬಿದ್ದುಹೋಯಿತು!

ಮೊದಲಿಗೆ ಇದು ಹೆಸರಲ್ಲ, ಲಖಬ್. ಅಂದರೆ ಗೌರವದ ಬಿರುದು. ಇರಾನಿನ ಗೀಲಾನಿನಲ್ಲಿ ಹುಟ್ಟಿ, ಬಗ್ದಾದಿನಲ್ಲಿ ಪಾಠ ಹೇಳಿ, 1166ರಲ್ಲಿ ಅಲ್ಲೇ ವಫಾತಾದ ಶೈಖ್ ಅಬ್ದುಲ್ ಖಾದಿರ್ ಜೀಲಾನಿಯವರಿಗೆ ಈ ಬಿರುದು ಸಂದಿತು. ಕಲ್ಲಿಕೋಟೆಯ ಖಾಝಿ ಮುಹಮ್ಮದರು 1607ರಲ್ಲಿ ಅರಬಿ-ಮಲಯಾಳಂನಲ್ಲಿ ಮುಹಿಯುದ್ದೀನ್ ಮಾಲೆ ರಚಿಸಿದರು. ಮಗ್ರಿಬ್ ಬಳಿಕ ಮನೆಮನೆಯಲ್ಲಿ ಅದನ್ನು ಹಾಡುತ್ತಿದ್ದ ಕರಾವಳಿಯಲ್ಲಿ ಮಕ್ಕಳಿಗೂ ಆ ಹೆಸರು ಬಂದದ್ದು ಸಹಜ. ಮೌಲಾನಾ ಆಝಾದರ ಹುಟ್ಟು ಹೆಸರಿನಲ್ಲೂ ಮುಹಿಯುದ್ದೀನ್ ಇದೆ.

ನಮ್ಮ ಶಾಫಿಈ ಮದ್‌ಹಬಿನ ಇಮಾಮ್ ನವವಿಯವರನ್ನೂ (1233-1277) ಜನ ಮುಹಿಯುದ್ದೀನ್ ಎಂದೇ ಕರೆದರು. ಅವರ ಸ್ವಂತ ಹೆಸರು ಯಹ್ಯಾ. ಅದರಲ್ಲಿರುವುದೂ ಅದೇ ಅಕ್ಷರಗಳು. ಆದರೆ ವಿನಯದಿಂದ ಅವರು ಈ ಬಿರುದನ್ನು ಒಪ್ಪುತ್ತಿರಲಿಲ್ಲ ಎಂದು ಅವರ ಚರಿತ್ರೆ ಬರೆದವರು ಹೇಳುತ್ತಾರೆ. ಅಷ್ಟು ಭಾರದ ಹೆಸರು ಇದು.

ಇನ್ನೊಂದು ಮಾತು. ಅಜ್ಜನ ಹೆಸರು ಪಡಿತರ ಚೀಟಿಯಲ್ಲಿ ಒಂದು ಥರ, ಆಧಾರ್‌ನಲ್ಲಿ ಇನ್ನೊಂದು ಥರ ಇದ್ದರೆ ಪಾಸ್‌ಪೋರ್ಟಿಗೆ, ಹಜ್ ಅರ್ಜಿಗೆ ಓಡಾಟ ತಪ್ಪದು. ಏಳನೇ ದಿನ ಅಖೀಖಾದ ಜೊತೆ ಹೆಸರಿಡುವುದು ಸುನ್ನತ್. ಅದಕ್ಕೆ ಮೊದಲೇ ಕನ್ನಡ, ಇಂಗ್ಲಿಷ್ ಎರಡರಲ್ಲೂ ಅಕ್ಷರ ಗೊತ್ತುಮಾಡಿ ಒಂದು ಚೀಟಿಯಲ್ಲಿ ಬರೆದಿಡಿ. ಆಸ್ಪತ್ರೆಯಲ್ಲಿ ಹೆಸರಿಲ್ಲದೆ ಜನನ ನೋಂದಣಿ ಆಗಿದ್ದರೆ ಒಂದು ವರ್ಷದೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು. ಅದೇ ಚೀಟಿಯ ಅಕ್ಷರಗಳೇ ಶಾಲೆಯಲ್ಲೂ, ಆಧಾರ್‌ನಲ್ಲೂ ಬರಲಿ.

ಮನೆಯಲ್ಲಿ ಪ್ರೀತಿಯಿಂದ ಇದ್ದಿನ್ ಅಂತ ಕರೆಯಿರಿ, ತೊಂದರೆಯಿಲ್ಲ. ಆದರೆ ಮಗು ಮಾತು ಕಲಿತ ಮೇಲೆ ತನ್ನ ಪೂರ್ತಿ ಹೆಸರು, ಅದರ ಅರ್ಥ ಎರಡನ್ನೂ ಅದಕ್ಕೆ ಹೇಳಿಕೊಡಿ.