ಏಪ್ರಿಲ್ 14ಕ್ಕೇ ಅಗ್ನಿಶಾಮಕ ದಿನ ಯಾಕೆ? ಇದರ ಹಿಂದಿದೆ ಎರಡೇ ವರ್ಷ ಬದುಕದ ಒಂದು ಹಡಗಿನ ಕಥೆ

ಚಾಮರಾಜನಗರ: ಏಪ್ರಿಲ್ 14 ಅಂದರೆ ಜಿಲ್ಲೆಯ ಜನರಿಗೆ ಮೊದಲು ನೆನಪಾಗುವುದು ಅಂಬೇಡ್ಕರ್ ಜಯಂತಿ. ಅದೇ ದಿನ ಅಗ್ನಿಶಾಮಕ ಠಾಣೆಗಳಲ್ಲಿ ಇನ್ನೊಂದು ಕಾರ್ಯಕ್ರಮವೂ ನಡೆಯುತ್ತದೆ. ಸಿಬ್ಬಂದಿ ಸಾಲಾಗಿ ನಿಂತು ಹುತಾತ್ಮರಿಗೆ ನಮನ ಸಲ್ಲಿಸುತ್ತಾರೆ. ನಂತರ ಒಂದು ವಾರ ಶಾಲೆ, ಆಸ್ಪತ್ರೆ, ಮಾರುಕಟ್ಟೆಗಳಲ್ಲಿ ಅಣಕು ಪ್ರದರ್ಶನ. ಕೈಗೆ ಕರಪತ್ರ ಬಂದವರೂ "ಇದೇ ದಿನ ಯಾಕೆ?" ಅಂತ ಕೇಳುವುದು ಕಡಿಮೆ. ಉತ್ತರ ಇರುವುದು ಮುಂಬೈ ಬಂದರಿನಲ್ಲಿ, 1944ರಲ್ಲಿ.

ಅವಸರದಲ್ಲಿ ಹುಟ್ಟಿದ ಹಡಗು

ಎರಡನೇ ಮಹಾಯುದ್ಧದಲ್ಲಿ ಜರ್ಮನಿಯ ಜಲಾಂತರ್ಗಾಮಿಗಳು ಬ್ರಿಟನ್ನಿನ ಸರಕು ಹಡಗುಗಳನ್ನು ಒಂದರ ಹಿಂದೆ ಒಂದರಂತೆ ಮುಳುಗಿಸುತ್ತಿದ್ದವು. ಮುಳುಗುವುದಕ್ಕಿಂತ ಬೇಗ ಹೊಸ ಹಡಗು ಕಟ್ಟಬೇಕು, ಬೇರೆ ದಾರಿ ಇರಲಿಲ್ಲ. ಬ್ರಿಟನ್ನಿನದೇ ಒಂದು ಸರಳ ನಕ್ಷೆ ಇಟ್ಟುಕೊಂಡು ಅಮೆರಿಕ ಮತ್ತು ಕೆನಡಾಗಳು ಒಂದೇ ಅಚ್ಚಿನ ಹಡಗುಗಳನ್ನು ಸಾಲುಸಾಲಾಗಿ ಕಟ್ಟಿದವು. ಅಮೆರಿಕದ 'ಲಿಬರ್ಟಿ' ಹಡಗುಗಳೇ 2,710. ಕೆನಡಾದಲ್ಲಿ ಕಟ್ಟಿ ಬ್ರಿಟನ್ನಿಗೆ ಒಪ್ಪಿಸಿದ ಹಡಗುಗಳಿಗೆ 'ಫೋರ್ಟ್' ಅಂತ ಶುರುವಾಗುವ ಹೆಸರು, ಅಂದರೆ ಕೋಟೆಗಳ ಹೆಸರು. ಅವುಗಳಲ್ಲಿ ಒಂದು 'ಫೋರ್ಟ್ ಸ್ಟಿಕೀನ್'. 1942ರಲ್ಲಿ ಕೆನಡಾದ ಪಶ್ಚಿಮ ಕರಾವಳಿಯ ಪ್ರಿನ್ಸ್ ರೂಪರ್ಟ್‌ನಲ್ಲಿ ನೀರಿಗಿಳಿಯಿತು. ಹಡಗಿನ ನೋಂದಾಯಿತ ಒಟ್ಟು ಟನ್ನೇಜ್ 7,142.

ಈ ಜಾತಿಯ ಹಡಗಿಗೆ ಅಂದ-ಚೆಂದ ಏನೂ ಇಲ್ಲ. ಉದ್ದ ಸುಮಾರು 440 ಅಡಿ. ಮಧ್ಯದಲ್ಲಿ ಎಂಜಿನ್, ಹಿಂದೆ-ಮುಂದೆ ಸರಕಿನ ಕೋಣೆಗಳು. ಸುಮಾರು 10,000 ಟನ್ ಸರಕು ಹಿಡಿಯುತ್ತದೆ. ಲೆಕ್ಕ ಹಾಕಿ ನೋಡಿ: ಗುಂಡ್ಲುಪೇಟೆ ದಾಟಿ ಕೇರಳಕ್ಕೆ ಹೋಗುವ ಹತ್ತು ಟನ್ನಿನ ಲಾರಿಗಳು ಸಾವಿರ ಬೇಕು.

ವೇಗ ಮಾತ್ರ ಗಂಟೆಗೆ 20 ಕಿ.ಮೀ. ಆಸುಪಾಸು. ಆ ಕಾಲಕ್ಕೇ ಹಳೆಯದಾಗಿದ್ದ ಉಗಿ ಎಂಜಿನ್ನನ್ನೇ ಬೇಕೆಂದು ಹಾಕಿದ್ದರು. ಕಟ್ಟುವುದು ಸುಲಭ, ಓಡಿಸಲು ಬಲ್ಲವರೂ ಎಲ್ಲೆಡೆ ಸಿಗುತ್ತಿದ್ದರು. ಮೈಸೂರು–ಚಾಮರಾಜನಗರ ಮಾರ್ಗದ ಉಗಿಬಂಡಿ ನೋಡಿದ ಹಿರಿಯರಿಗೆ ಇದು ಬೇಗ ಅರ್ಥವಾಗುತ್ತದೆ. ಕಲ್ಲಿದ್ದಲು ಉರಿಸಿ ನೀರು ಕಾಯಿಸು, ಉಗಿಯಿಂದ ಎಂಜಿನ್ ತಿರುಗಿಸು, ಇಷ್ಟೇ. ಆದರೆ ರೈಲು ಉಗಿಯನ್ನು ಚಿಮಣಿಯಲ್ಲಿ ಬಿಟ್ಟು, ಮುಂದಿನ ನಿಲ್ದಾಣದಲ್ಲಿ ನೀರು ತುಂಬಿಸಿಕೊಳ್ಳುತ್ತದೆ. ಸಮುದ್ರದ ಉಪ್ಪುನೀರು ಬಾಯ್ಲರಿಗೆ ಆಗಿಬರುವುದಿಲ್ಲ. ಹಾಗಾಗಿ ಹಡಗಿನಲ್ಲಿ ಒಂದೇ ಉಗಿಯನ್ನು ಮೂರು ಸಿಲಿಂಡರ್‌ಗಳಲ್ಲಿ ಒಂದಾದ ಮೇಲೊಂದರಂತೆ ದುಡಿಸಿ, ಕೊನೆಗೆ ತಣಿಸಿ ನೀರು ಮಾಡಿ, ಮತ್ತೆ ಬಾಯ್ಲರಿಗೇ ಕಳಿಸುತ್ತಿದ್ದರು. ಬಾಯ್ಲರ್ ಮುಂದೆ ಹಗಲೂ ರಾತ್ರಿ ಪಾಳಿಯ ಮೇಲೆ ಕಲ್ಲಿದ್ದಲು ಎತ್ತಿ ಹಾಕುವ ಕೆಲಸ ಕಾರ್ಮಿಕರದ್ದು.

ಕೊನೆಯ ಪಯಣ

1944ರ ಫೆಬ್ರವರಿ 24ರಂದು ಫೋರ್ಟ್ ಸ್ಟಿಕೀನ್ ಇಂಗ್ಲೆಂಡಿನ ಬರ್ಕನ್‌ಹೆಡ್‌ನಿಂದ ಹೊರಟಿತು. ಒಳಗೆ ಸುಮಾರು 1,400 ಟನ್ ಮದ್ದುಗುಂಡು, ಯುದ್ಧ ವಿಮಾನಗಳು, ಸುಮಾರು 10 ಲಕ್ಷ ಪೌಂಡ್ ಬೆಲೆಯ ಚಿನ್ನದ ಗಟ್ಟಿಗಳು. ಕರಾಚಿಯಲ್ಲಿ ವಿಮಾನ ಇಳಿಸಿ, ಖಾಲಿಯಾದ ಜಾಗಕ್ಕೆ ಸಾವಿರಾರು ಹತ್ತಿ ಬೇಲುಗಳು, ಎಣ್ಣೆಯ ಪೀಪಾಯಿ, ಮರ ತುಂಬಿದರು. ಸಿಡಿಮದ್ದು ಇದ್ದ ಕೋಣೆಯಲ್ಲೇ ಹತ್ತಿ! ಶಾಂತಿಕಾಲದಲ್ಲಾದರೆ ಯಾರೂ ಒಪ್ಪದ ಕೆಲಸ. ಯುದ್ಧದಲ್ಲಿ ಹಡಗಿನ ಜಾಗ ಖಾಲಿ ಬಿಡುವಂತಿರಲಿಲ್ಲ.

ಏಪ್ರಿಲ್ 12ಕ್ಕೆ ಹಡಗು ಮುಂಬೈನ ವಿಕ್ಟೋರಿಯಾ ಡಾಕ್‌ಗೆ ಬಂತು. ಅಪಾಯದ ಸರಕಿದೆ ಅಂತ ಸೂಚಿಸುವ ಕೆಂಪು ಬಾವುಟ ಹಾರಿಸಿರಲಿಲ್ಲ. ಏಪ್ರಿಲ್ 14ರ ಮಧ್ಯಾಹ್ನ 2ನೇ ಕೋಣೆಯಿಂದ ಹೊಗೆ ಬಂತು. ಅಗ್ನಿಶಾಮಕದವರು ಬಂದು ನೂರಾರು ಟನ್ ನೀರು ಸುರಿದರು. ಆದರೂ ಬೆಂಕಿ ಎಲ್ಲಿದೆ ಅಂತಲೇ ಸಿಗಲಿಲ್ಲ.

ಹತ್ತಿ ಬೆಳೆಯುವ ನಮ್ಮ ಜಿಲ್ಲೆಯ ರೈತರಿಗೆ ಇದರ ಕಾರಣ ಬಿಡಿಸಿ ಹೇಳಬೇಕಾಗಿಲ್ಲ. ಒತ್ತಿ ಕಟ್ಟಿದ ಬೇಲಿನ ಒಳಗೆ ನೀರು ಇಳಿಯುವುದಿಲ್ಲ. ಮೇಲೆ ಆರಿದಂತೆ ಕಂಡರೂ ಎಳೆಗಳ ನಡುವಿನ ಗಾಳಿಯಲ್ಲಿ ಕಿಡಿ ಒಳಗೊಳಗೇ ಹರಿಯುತ್ತದೆ. ಹುಲ್ಲಿನ ಮೆದೆಗೆ ಬೆಂಕಿ ಬಿದ್ದಾಗಲೂ ಅಷ್ಟೇ. ಮೆದೆ ಎಳೆದು ಹರಡದೆ ಬರೀ ನೀರು ಹಾಕಿದರೆ ರಾತ್ರಿ ಮತ್ತೆ ಹೊತ್ತಿಕೊಳ್ಳುತ್ತದೆ. ಆದರೆ ಸಿಡಿಮದ್ದು ತುಂಬಿದ ಕೋಣೆಯಲ್ಲಿ ಬೇಲು ಎಳೆದು ಹಾಕುವವರು ಯಾರು?

ಹಡಗನ್ನು ಅಲ್ಲೇ ಮುಳುಗಿಸಬೇಕಾ, ಸಮುದ್ರಕ್ಕೆ ಎಳೆದೊಯ್ಯಬೇಕಾ, ನೀರು ಹಾಯಿಸುತ್ತಲೇ ಇರಬೇಕಾ? ಸಲಹೆ ಕೊಟ್ಟವರು ಹಲವರು. ಆದರೆ ಗಟ್ಟಿಯಾಗಿ ಆದೇಶ ಕೊಡುವ ಒಬ್ಬ ಅಧಿಕಾರಿ ಇರಲಿಲ್ಲ. ಸಂಜೆ 4 ಗಂಟೆ 6 ನಿಮಿಷಕ್ಕೆ ಹಡಗು ಸಿಡಿದು ಎರಡು ತುಂಡಾಯಿತು. ಅರ್ಧ ಗಂಟೆಯೊಳಗೆ ಎರಡನೇ ಸ್ಫೋಟ, ಮೊದಲನೆಯದಕ್ಕಿಂತ ದೊಡ್ಡದು. ಸುತ್ತ ನಿಂತಿದ್ದ ಹತ್ತಕ್ಕೂ ಹೆಚ್ಚು ಹಡಗುಗಳು ನಾಶವಾದವು. ಉರಿಯುವ ಹತ್ತಿ ಆಕಾಶದಿಂದ ಊರಿನ ಮೇಲೆ ಬಿತ್ತು. ಗೋದಾಮುಗಳಲ್ಲಿದ್ದ ಸಾವಿರಾರು ಟನ್ ಧಾನ್ಯ ಸುಟ್ಟು ಹೋಯಿತು. ಸತ್ತವರು ನೂರಾರು, ಮನೆ ಕಳೆದುಕೊಂಡವರು ಸಾವಿರಾರು. ಯುದ್ಧಕಾಲದ ನಿರ್ಬಂಧದಿಂದಾಗಿ ಸುದ್ದಿ ದೇಶಕ್ಕೆ ತಿಳಿಯಲು ವಾರಗಳೇ ಹಿಡಿದವು. ಚಿನ್ನದ ಗಟ್ಟಿಗಳು ಎಷ್ಟೋ ವರ್ಷಗಳ ನಂತರವೂ ಬಂದರಿನ ಹೂಳೆತ್ತುವಾಗ ಸಿಕ್ಕವು.

ಮೆದುಗೊಳವೆ ಹಿಡಿದು ಹಡಗಿನ ಮೇಲೂ ದಡದಲ್ಲೂ ನಿಂತಿದ್ದ ಅಗ್ನಿಶಾಮಕ ಸಿಬ್ಬಂದಿ ಮಾತ್ರ ಮನೆಗೆ ಮರಳಲಿಲ್ಲ. ಸತ್ತವರ ಸಂಖ್ಯೆ 66 ಅಂತ ಇಲಾಖೆ ಸ್ಮರಿಸುತ್ತದೆ. ಅವರ ನೆನಪಿಗೇ ಏಪ್ರಿಲ್ 14 ಅಗ್ನಿಶಾಮಕ ಸೇವಾ ದಿನ, 20ರವರೆಗೆ ಸಪ್ತಾಹ.

ನಮ್ಮ ಜಿಲ್ಲೆಗೆ ಇದರಿಂದ ಏನು?

ಫೋರ್ಟ್ ಸ್ಟಿಕೀನ್ ದುಡಿದದ್ದು ಎರಡು ವರ್ಷಕ್ಕಿಂತ ಕಡಿಮೆ. ಅದರ ಅಚ್ಚಿನ ಎಷ್ಟೋ ಹಡಗುಗಳು ಯುದ್ಧ ಮುಗಿದ ಮೇಲೂ ವರ್ಷಗಟ್ಟಲೆ ಗೋಧಿ, ಕಲ್ಲಿದ್ದಲು ಹೊತ್ತು ತಿರುಗಿ ಕೊನೆಗೆ ಗುಜರಿ ಸೇರಿದವು. ಹಡಗಿನ ನಕ್ಷೆಯಲ್ಲಿ ದೋಷ ಇರಲಿಲ್ಲ. ಎಡವಿದ್ದು ಸರಕು ತುಂಬಿದ ರೀತಿಯಲ್ಲಿ, ತಡವಾಗಿ ತಿಳಿಸಿದ್ದರಲ್ಲಿ, ತೀರ್ಮಾನ ತೆಗೆದುಕೊಳ್ಳದೇ ಇದ್ದುದರಲ್ಲಿ.

ಈ ಮೂರೂ ತಪ್ಪು ಸಣ್ಣ ಪ್ರಮಾಣದಲ್ಲಿ ನಮ್ಮಲ್ಲೂ ಆಗುತ್ತವೆ. ಹತ್ತಿ, ಹುಲ್ಲು ಪೇರಿಸಿದ ಕೊಟ್ಟಿಗೆಯಲ್ಲೇ ಪೆಟ್ರೋಲ್ ಕ್ಯಾನ್ ಇಡುವುದು, ಹೊಗೆ ಕಂಡ ಮೇಲೂ "ನಾವೇ ಆರಿಸ್ತೀವಿ" ಅಂತ ಫೋನ್ ಮಾಡದೆ ಕೂರುವುದು, ಬೇಸಿಗೆಯಲ್ಲಿ ಕಾಡಂಚಿನ ಬದುಗಳಿಗೆ ಬೆಂಕಿ ಇಡುವುದು. 2019ರ ಫೆಬ್ರವರಿಯಲ್ಲಿ ಗೋಪಾಲಸ್ವಾಮಿ ಬೆಟ್ಟದ ಸುತ್ತ ಬಂಡೀಪುರದ ಕಾಡು ಹೊತ್ತಿ ಉರಿದಾಗ ವಾಯುಪಡೆಯ ಹೆಲಿಕಾಪ್ಟರ್ ತರಿಸಿ ನೀರು ಸುರಿಯಬೇಕಾಯಿತು. ಬೆಂಕಿ ಚಿಕ್ಕದಿದ್ದಾಗ ಅದಕ್ಕೆ ನಾಲ್ಕು ಜನ, ಹಸಿ ಸೊಪ್ಪು ಸಾಕು.

ಈ ಬಾರಿ ಠಾಣೆಯವರು ನಿಮ್ಮ ಊರಿಗೆ ಅಣಕು ಪ್ರದರ್ಶನಕ್ಕೆ ಬಂದರೆ ಹತ್ತು ನಿಮಿಷ ನಿಂತು ನೋಡಿ. ಹೊಗೆ ಕಂಡರೆ ಮೊದಲು 112 ಅಥವಾ 101ಕ್ಕೆ ಕರೆ ಮಾಡಿ. ಒಳಗೆ ಏನೇನು ಸಾಮಾನು ಇದೆ ಅನ್ನುವುದನ್ನು ಮರೆಮಾಚದೆ ಹೇಳಿ. ನೀರು ಹಿಡಿದು ಒಳನುಗ್ಗುವವರ ಜೀವ ಉಳಿಯುವುದು ಆ ಒಂದು ಮಾತಿನಿಂದ.